ಮನೆಮುಳ್ಳೂ ಗುಂದ್ರೇಲನ ಮಂಚವೂ

ತಾನು ಸಾಮಾನಲ್ಲ, ಮನುಷ್ಯ ಎಂದು ಸಕಲ ಲೋಕಗಳಿಗೂ ತೋರಿಸಿಯೇ ತೀರುತ್ತೇನೆ ಎಂದು ಗುಂದ್ರೇಲ ಪ್ರತಿಜ್ಞೆ ಮಾಡಿದ್ದು ಮಂಚದ ಮೇಲೆ ಅಂಗಾತ ಮಲಗಿಕೊಂಡೇ. ಎಂಥಾ ಪ್ರತಿಜ್ಞೆ ಅಂತೀರಿ! ಮುಷ್ಟಿ ಬಿಗಿದು, ಹಲ್ಲು ಕಡಿದು, ಕಂಬಳಿಯೊಳಗೇ ಎದೆ ಸೆಟೆಸಿ ಮಾಡಿದ್ದು! ಕೇಳುವುದಕ್ಕೆ ಮನೆಯಲ್ಲಿ ಯಾರೂ ಇರಲಿಲ್ಲ, ಅದೊಂದೇ ಕೊರತೆ. ಹೆಂಡತಿ ಸವೋರ್ಣಿ ಆಗಷ್ಟೇ ದೋಣಿ ಹತ್ತಿ ಬೂದುಮಂಜಿನೊಳಗೆ ಹೋಗಿದ್ದಳು.

"ಏನೂ ಮಾಡ್ಬೇಡ," ಎಂದಿದ್ದಳು ಹೊರಡುವಾಗ. "ನಿನಗೆ ಬರೋದು ಅದೊಂದೇ. ಅದನ್ನಾದ್ರೂ ನೆಟ್ಟಗೆ ಮಾಡು."

"ಊಟ?"

"ಪಾಚಿಗಂಜಿ ಕಾಯಿಸ್ಕೊ. ಪಾತ್ರೆ ಎಲ್ಲಿಂದ ತಗೊಂಡ್ಯೋ ಅಲ್ಲೇ ಇಡು."

"ಮೈ ತುರಿಸಿದ್ರೆ?"

"ತುರಿಸ್ಕೊ ಮಾರಾಯ. ಆದ್ರೆ ನಾನು ಬರೋ ಹೊತ್ತಿಗೆ ಈಗ ಹೆಂಗೆ ಬಿದ್ದಿದ್ದೀಯೋ ಹಂಗೇ ಬಿದ್ದಿರ್ಬೇಕು. ಬಾಯಿ ತೆರ್ಕೊಂಡು."

ಬಾಯಿ ಏಕೆಂದರೆ, ಅವಳು ಮನೆಮುಳ್ಳಿಗೆ ಮನೆ ತೋರಿಸುವಾಗ ಗುಂದ್ರೇಲ ಬಾಯಿ ತೆರೆದುಕೊಂಡು ಗೊರಕೆ ಹೊಡೆಯುತ್ತಿದ್ದ.

ಮನೆಮುಳ್ಳೆಂದರೆ ಸಾಮಾನ್ಯವೇ! ಅದಕ್ಕಾಗಿ ರಾಜರು ರಾಜರ ತಲೆ ಕಡಿದಿದ್ದಾರೆ. ಅದನ್ನು ಕದ್ದು ಓಡಿದ ಮಂತ್ರವಾದಿಯೊಬ್ಬನಿಗೆ, ಮುಳ್ಳಿಗೆ ತೋರಿಸಲು ತನಗೊಂದು ಮನೆಯೇ ಇಲ್ಲ ಎಂದು ನಡುಮಂಜಿನಲ್ಲಿ ನೆನಪಾಯಿತಂತೆ. ಇವತ್ತಿಗೂ ಅಲ್ಲೇ ಸುತ್ತುತ್ತಿದ್ದಾನೆ. ಮೊಟ್ಟಮೊದಲು ಮುಳುಗಿದ ಅಂಬಿಗನ ಪಕ್ಕೆಲುಬಿನಿಂದ ಕೆತ್ತಿದ್ದು ಅದು. ಎಲ್ಲ ಲೋಕಗಳಲ್ಲೂ ಸೇರಿ ಇರುವುದು ಒಂದೇ ಒಂದು. ಆದರೆ ಆ ಒಂದು ನಮ್ಮ ಹತ್ತಿರವೇ ಇದೆ ಎಂದು ಪ್ರತಿಯೊಂದು ಲೋಕದವರೂ ಹೇಳುತ್ತಾರೆ, ಅದೂ ಸುಳ್ಳಲ್ಲ. ನೋಡಲು ಮಾತ್ರ ಕಿರುಬೆರಳುದ್ದದ ಹಳದಿ ಮೂಳೆ. ಬಟ್ಟಲಲ್ಲಿ ನೀರು ಹಾಕಿ ತೇಲಿಬಿಡಬೇಕು. ಸವೋರ್ಣಿ ಅದನ್ನು ಒಣಮೀನಿನ ಚೀಲದಲ್ಲಿ ಇಟ್ಟುಕೊಳ್ಳುತ್ತಿದ್ದುದರಿಂದ ವಾಸನೆಯೂ ಹಾಗೇ.

ಈ ಮುಳ್ಳಿಗೆ ಉತ್ತರ ಗೊತ್ತಿಲ್ಲ, ದಕ್ಷಿಣ ಗೊತ್ತಿಲ್ಲ. ಗೊತ್ತಿರುವುದು ಒಂದು ಮನೆ, ಅಷ್ಟೆ. ಹೊರಡುವ ಮುಂಚೆ ಮುಳ್ಳು ಹೊರುವವಳು ಬಟ್ಟಲು ಹಿಡಿದು ಮನೆಯೆಲ್ಲ ಸುತ್ತಿ ಒಲೆ, ಮಂಚ, ಲೋಟ, ಗಂಡ ಎಲ್ಲವನ್ನೂ ಅದಕ್ಕೆ ತೋರಿಸಬೇಕು. ಮರಳುವಾಗ ಮುಳ್ಳು ಲೋಕಗಳನ್ನೇ ಹಿಡಿದೆಳೆದು ಆ ಮನೆಯನ್ನು ದೋಣಿಯ ಮುಂದೆ ತಂದು ನಿಲ್ಲಿಸುತ್ತದೆ. ಮನೆ ತೋರಿಸಿದ ಹಾಗೇ ಇದ್ದರೆ ಸರಿ. ಇಲ್ಲದಿದ್ದರೆ? ಇದ್ದುದರಲ್ಲಿ ಅದನ್ನೇ ಹೋಲುವ ಇನ್ನೊಂದು ಲೋಕದ ಮನೆಯನ್ನು ತಂದು ನಿಲ್ಲಿಸುತ್ತದೆ. ಅದೂ ಸಿಗದಿದ್ದರೆ ಸುಮ್ಮನೆ ಸುತ್ತುತ್ತದೆ, ದೋಣಿಯಲ್ಲಿ ಕೂತವರು ಮೂಳೆಯಾಗುವವರೆಗೆ.

ಅವರ ಊರು ಸೆರ್ವಾಲದ ಬಡಕಲು ಸೂರ್ಯನಿಗೆ ಒದ್ದೆ ಬಟ್ಟೆ ಒಣಗಿಸುವ ತಾಕತ್ತೂ ಉಳಿದಿರಲಿಲ್ಲ. ಹಾಗಾಗಿ ಸವೋರ್ಣಿ ಬೇರೆ ಲೋಕದಿಂದ ಕಾಳು ತಂದರೆ ಊರಿಗೆ ಊಟ. ಅವಳು ಎದುರಾದರೆ ಊರವರು ಟೋಪಿ ತೆಗೆಯುತ್ತಿದ್ದರು. ಗುಂದ್ರೇಲ ಎದುರಾದರೆ ಬಲೆ ಹೊಲಿಯುವವರು ಕಟ್ಟೆಯ ಮೇಲಿಂದಲೇ ಕೂಗುತ್ತಿದ್ದರು: "ಏನಪ್ಪಾ ಸಾಮಾನು, ಧೂಳು ಒರೆಸಿಸ್ಕೊಂಡ್ಯಾ?"

ಪ್ರತಿಜ್ಞೆ ಮಾಡದೆ ಇನ್ನೇನು ಮಾಡುತ್ತಾನೆ ಹೇಳಿ!

ಪಕ್ಕದ ಮನೆಯ ಪಿಷ್ಟೋಕ ಮಾವ ಕಿಟಕಿಯಲ್ಲಿ ತಲೆ ಹಾಕಿದಾಗ ಗುಂದ್ರೇಲ ಮಂಚದ ಕಾಲು ಹಿಡಿದು ಎಳೆಯುತ್ತಿದ್ದ. ಮುದುಕನ ಒಂದು ಕಾಲಲ್ಲಿ ಬೂಟು, ಇನ್ನೊಂದು ಬರಿಗಾಲು. ಸವೋರ್ಣಿಗಿಂತ ಮುಂಚೆ ಮುಳ್ಳು ಹೊರುತ್ತಿದ್ದವಳು ಅವನ ಮಗಳು ಇಲ್ಮ. ಕೊನೆಯ ಸಲ ಅವಳು ಮನೆ ತೋರಿಸುವಾಗ ಇವನು ಒಂದೇ ಬೂಟು ಹಾಕಿಕೊಂಡಿದ್ದ. ಆಮೇಲೆ ಮುಳ್ಳೊಂದೇ ಅಲೆಯಲ್ಲಿ ತೇಲಿ ದಡಕ್ಕೆ ಬಂತು. ಮಗಳು ಬರಲಿಲ್ಲ. ಅವತ್ತಿನಿಂದ ಮುದುಕ ಇನ್ನೊಂದು ಬೂಟು ಹಾಕಿಲ್ಲ, ಇದನ್ನು ಬಿಚ್ಚಿಯೂ ಇಲ್ಲ.

"ಏನ್ ಮಾಡ್ತಿದೀಯೋ ಪಾಪಿ?"

"ಮಂಚ ಸರಿಸ್ತಿದೀನಿ ಮಾವ. ಈ ಗೋಡೆ ಸೋರುತ್ತೆ, ಮಂಚ ಕಿಟಕಿ ಹತ್ರ ಹಾಕು ಅಂತ ಮದುವೆ ಆದಾಗಿಂದ ಬಡ್ಕೋತಿದ್ಲು. ಬಂದು ನೋಡಿ ಬೆರಗಾಗ್ಬೇಕು!"

"ಬಂದ್ರೆ ತಾನೇ ಬೆರಗಾಗೋದು! ಮುಟ್ಬೇಡ ಕಣೋ. ನಾನು ಅವತ್ತು ಒಂದೇ ಒಂದ್ಸಲ ಕೆಮ್ಮಿದೆ. ಕುರ್ಚಿ ಒಂಚೂರು ಜರುಗಿತ್ತು ಅನ್ಸುತ್ತೆ. ಒಂದು ಕೆಮ್ಮಿಗೆ ಮಗಳು ಹೋದ್ಲು."

"ನಿಮ್ಮ ಮನೆ ಕುರ್ಚಿ ಸೂಕ್ಷ್ಮ ಇರ್ಬೇಕು ಮಾವ. ಅವಳು ನನ್ನ ಹೆಂಡ್ತಿ. ಮಂಚ ಅರಸ್ಕೊಂಡು ಬರ್ತಾಳಾ, ನನ್ನನ್ನ ಅರಸ್ಕೊಂಡು ಬರ್ತಾಳಾ?"

ಪಿಷ್ಟೋಕ ಮಾವ ಅವನನ್ನೊಮ್ಮೆ, ಮಂಚವನ್ನೊಮ್ಮೆ ನೋಡಿ, ಮಂಚವೇ ಮೇಲು ಎಂಬಂತೆ ತಲೆಯಾಡಿಸಿ, ಕುಂಟುತ್ತಾ ಹೊರಟುಹೋದ.

ಮುಂದೆ ನಡೆದದ್ದು ದಿಗ್ವಿಜಯ! ಮಂಚ ಕಿಟಕಿಯ ಹತ್ತಿರ ಹೋಯಿತು. ದಿನಾ ಮೊಣಕಾಲಿಗೆ ಬಡಿಯುತ್ತಿದ್ದ ಮೂರು ಕಾಲಿನ ಪೀಠ ಮೂಲೆ ಸೇರಿತು. ಕಿರ್ ಎನ್ನುವ ಬಾಗಿಲಿಗೆ ಮೀನೆಣ್ಣೆ ಕುಡಿಸಿದ. ಬಾಗಿಲು ಬಾಯಿ ಮುಚ್ಚಿತು. ಒಲೆಯ ಹಿಂದಿನ ಮಸಿಗೋಡೆಯನ್ನು ಸುಣ್ಣ ಬಳಿದು ಬೆಳ್ಳಗೆ ಮಾಡಿದ. ಉಳಿದದ್ದು ಅವನದೇ ಲೋಟ. ಹಿಡಿ ಮುರಿದ, ಬಾಯಿ ಚಕ್ಕೆಯೆದ್ದ ಮಣ್ಣಿನ ಲೋಟ. "ಆ ದರಿದ್ರವನ್ನ ಎಸೆಯೋ" ಎಂದು ಸವೋರ್ಣಿ ಹೇಳದ ದಿನವಿರಲಿಲ್ಲ. ಅದನ್ನು ಕಟ್ಟೆಯ ತುದಿಗೆ ಒಯ್ದು, ಬಲೆ ಹೊಲಿಯುವವರೆಲ್ಲ ನೋಡುತ್ತಿರುವಂತೆಯೇ, ಕೈ ಬೀಸಿ ಸಮುದ್ರಕ್ಕೆ ಎಸೆದ.

ಬಲೆ ಹೊಲಿಯುವವರ ಸೂಜಿಗಳು ನಿಂತವು. ಒಬ್ಬನೂ ನಗಲಿಲ್ಲ. ಒಬ್ಬ ಟೋಪಿ ತೆಗೆದ, ಹೆಣ ಹೋಗುವಾಗ ತೆಗೆಯುವ ಹಾಗೆ. ಗುಂದ್ರೇಲ ಅದನ್ನು ಮರ್ಯಾದೆ ಎಂದುಕೊಂಡು ಬೀಗುತ್ತಾ ಮನೆಗೆ ಬಂದ.

ಮಂಜು ತೆಳುವಾದ ದಿನ ದೋಣಿ ಬಂದೇಬಿಟ್ಟಿತು! ಮನೆಯ ಬಾಗಿಲಿಗೇ ತಾಗಿ ನಿಂತಿತು. ಬಾಗಿಲು ಸದ್ದಿಲ್ಲದೆ ತೆರೆಯಿತು. ಗುಂದ್ರೇಲ ನಡುಮನೆಯಲ್ಲಿ ಎರಡೂ ಕೈ ಚಾಚಿ ನಿಂತಿದ್ದ.

"ಹೆಂಗಿದೆ?"

ಸವೋರ್ಣಿ ಮನೆಯನ್ನು ನೋಡಲೇ ಇಲ್ಲ. ಅವನನ್ನೇ ನೋಡಿದಳು. ಹತ್ತಿರ ಬಂದಳು. ಅವನ ಗಲ್ಲ ಮುಟ್ಟಿದಳು, ಕಿವಿ ಮುಟ್ಟಿದಳು, ಮೂಗಿನ ಹತ್ತಿರ ಬೆರಳಿಟ್ಟು ಉಸಿರು ನೋಡಿದಳು.

"ನೀನು ಸತ್ತಿದ್ದೀಯಲ್ಲೋ!"

"ಮಂಚ ಸರಿಸಿದೀನಿ, ಗೋಡೆಗೆ ಸುಣ್ಣ ಹೊಡ್ದಿದೀನಿ, ಬೆನ್ನು ಬಿದ್ದುಹೋಗಿದೆ. ಇಷ್ಟಕ್ಕೆಲ್ಲ ಇದೇನಾ ಮಾತು?"

"ನಾನೇ ಮಣ್ಣು ಹಾಕಿದೀನಿ ಕಣೋ ನಿನ್ ಮೇಲೆ!"

ಆಗ ಗುಂದ್ರೇಲ ಸರಿಯಾಗಿ ನೋಡಿದ. ಇವಳ ಕೂದಲು ಬೆಳ್ಳಗಾಗಿತ್ತು. ಹಣೆಯ ಮೇಲೆ ಅವನ ಸವೋರ್ಣಿಗೆ ಇಲ್ಲದ ಗಾಯದ ಗುರುತಿತ್ತು. ಕುತ್ತಿಗೆಗೆ ಕಪ್ಪು ದಾರ. ಸೆರ್ವಾಲದಲ್ಲಿ ಗಂಡ ಸತ್ತವರು ಕಟ್ಟಿಕೊಳ್ಳುವ ದಾರ ಅದು.

ಅವಳೂ ಸುತ್ತ ನೋಡಿದಳು. "ಮಂಚ ಕಿಟಕಿ ಹತ್ರ. ಪೀಠ ಮೂಲೇಲಿ. ಒಲೆ ಗೋಡೆ ಬೆಳ್ಳಗೆ. ನೀನು ಹೋದ್ಮೇಲೆ ನಾನೇ ಮಾಡಿದ್ದು ಇದೆಲ್ಲ. ನಾನು ದೋಣಿ ಹತ್ತಿದ್ಮೇಲೆ ಆ ಮನೆ ನೋಡ್ಕೊಳ್ಳೋರು ಯಾರೂ ಇರ್ಲಿಲ್ಲ, ಸಮುದ್ರ ಕೊಚ್ಚಿಕೊಂಡು ಹೋಗಿರುತ್ತೆ. ಅದಕ್ಕೇ ಮುಳ್ಳು ಅಂಥದ್ದೇ ಇನ್ನೊಂದು ಮನೆ ಹುಡುಕಿದೆ." ಅವಳು ಬೆರಳೆತ್ತಿ ಅವನನ್ನು ತೋರಿಸಿದಳು. "ಹೆಂಡ್ತಿ ಹೊರಗೆ ಹೋಗಿರುವಾಗ ಮನೆ ಕೆಲ್ಸ ಮಾಡೋ ಮೂರ್ಖ ಯಾವ ಲೋಕದಲ್ಲಿದ್ದಾನಪ್ಪಾ ಅಂತ ಕೇಳ್ಬೇಕಾಗಿಲ್ಲ. ನೀನೇ!"

ಗುಂದ್ರೇಲ ಪೀಠದ ಮೇಲೆ ಕುಕ್ಕರಿಸಿದ. ಮನಸ್ಸಿನಲ್ಲಿ ಕೇಳಬೇಕಾದ ದೊಡ್ಡ ಪ್ರಶ್ನೆ ಒಂದಿತ್ತು. ಬಾಯಿಗೆ ಬಂದದ್ದು ಬೇರೆಯೇ.

"ನಾನು ಹೆಂಗೆ ಸತ್ತೆ?"

"ಕೆಮ್ಮಿ."

"ಬರೀ ಕೆಮ್ಮಿ?" ಅವನಿಗೆ ನಿಜಕ್ಕೂ ಬೇಜಾರಾಯಿತು. ಒಂದು ಬಿರುಗಾಳಿ, ಒಂದು ತಿಮಿಂಗಿಲ, ಏನೂ ಇಲ್ಲವೇ!

"ಸೋರೋ ಗೋಡೆ ಪಕ್ಕ ಮಲಗಿ ಮಲಗಿ ಎದೇಲಿ ನೀರು ತುಂಬ್ತು. ಮಂಚ ಸರಿಸೋ, ಮಂಚ ಸರಿಸೋ ಅಂತ ಎಷ್ಟು ಬಡ್ಕೊಂಡೆ! ನಾಳೆ, ನಾಳೆ, ನಾಳೆ. ಕೊನೆಗೆ ನಿನ್ನನ್ನ ಎತ್ಕೊಂಡು ಹೋದ್ಮೇಲೆ ಒಬ್ಳೇ ಎಳೆದು ಹಾಕ್ದೆ. ಎಷ್ಟು ಹಗುರ ಇತ್ತು ಗೊತ್ತಾ ಆ ಮಂಚ! ಅದಕ್ಕೇ ಹೆಚ್ಚು ಅತ್ತೆ."

ಅವಳೇ ಎದ್ದು ಗಂಜಿ ಕಾಯಿಸಿದಳು. ಉಪ್ಪು ಎಲ್ಲಿದೆ ಎಂದು ಕೇಳಲಿಲ್ಲ. ಇಬ್ಬರೂ ಕಿಟಕಿಯ ಬಳಿಯ ಮಂಚದ ಮೇಲೆ ಕೂತು ಉಂಡರು. ಬಡಕಲು ಬಿಸಿಲು ಅವಳ ಬಿಳಿಗೂದಲ ಮೇಲೆ ಬಿದ್ದಿತ್ತು. ಅವಳು ಎರಡು ತುತ್ತಿಗೊಮ್ಮೆ ಕೈ ಚಾಚಿ ಅವನ ತೋಳು ಮುಟ್ಟಿ ನೋಡುತ್ತಿದ್ದಳು. ಇವಳೂ ಸವೋರ್ಣಿಯೇ, ಮನೆಯೂ ಅವಳಿಗೆ ಇಷ್ಟವಾಗುವ ಹಾಗೇ ಇದೆ, ಇರಲಿ ಬಿಡು ಎನ್ನಿಸಿತು ಗುಂದ್ರೇಲನಿಗೆ. ಎನ್ನಿಸಿದ್ದಕ್ಕೆ ನಾಚಿಕೆಯಾಗಿ ತಲೆ ತಗ್ಗಿಸಿದ.

"ನನ್ನೋಳು?" ಎಂದು ಕೊನೆಗೂ ಕೇಳಿದ.

ಅವಳು ಬಟ್ಟಲು ಕೆಳಗಿಟ್ಟಳು. "ಸುತ್ತುತ್ತಿರ್ತಾಳೆ. ಅವಳ ಮುಳ್ಳು ಹಳೇ ಮನೆ ಹುಡುಕುತ್ತೆ. ಹಳೇ ಮನೆ ಎಲ್ಲಿದೆ? ಅದನ್ನ ನೀನು ಸುಣ್ಣ ಹೊಡೆದು ಸಾಯಿಸಿದೀಯಲ್ಲ!"

"ಕುಡಿಯೋ ನೀರು ಮುಗಿದ್ರೆ?"

ಅವಳು ಮತ್ತೆ ಅವನ ತೋಳು ಹಿಡಿದಳು. ಆಮೇಲೆ ಕೈ ಬಿಟ್ಟು, ಮೂಗು ಒರೆಸಿಕೊಂಡು, ಎದ್ದು ಸೆರಗು ಸೊಂಟಕ್ಕೆ ಸಿಕ್ಕಿಸಿದಳು.

"ಬರದೇ ಇರೋರಿಗೆ ಕಾಯೋದು ಏನು ಅಂತ ನಂಗೊತ್ತು. ಏಳು. ಮಂಚ ಹಿಡಿ."

ಹಳೆಯ ಮನೆಯನ್ನು ಮತ್ತೆ ಕಟ್ಟುವ ಮಹಾಕಾರ್ಯ ಹೀಗೆ ಶುರುವಾಯಿತು. ಅವಳ ಮುಳ್ಳು ನಡುಮನೆಯಲ್ಲಿ ಬಟ್ಟಲ ನೀರಿನಲ್ಲಿ ತೇಲುತ್ತಿತ್ತು, ಮನೆಯ ಒಳಮುಖವಾಗಿ. ಕಷ್ಟ ಬಂದದ್ದು ಎಲ್ಲಿ ಅಂತೀರಿ? ಹಳೆಯ ಮನೆ ಹೇಗಿತ್ತೆಂದು ಅದರ ಯಜಮಾನನಿಗೇ ಗೊತ್ತಿರಲಿಲ್ಲ!

"ಪೀಠ ಎಲ್ಲಿತ್ತು?"

"ಇಲ್ಲೆಲ್ಲೋ... ಇಲ್ಲ, ಅಲ್ಲಿ."

"ಯಾವ ಮೊಣಕಾಲಿಗೆ ಬಡೀತಿತ್ತು?"

ಅವನು ಎರಡೂ ಕಾಲು ಮುಟ್ಟಿ ನೋಡಿಕೊಂಡ. ಎಡಗಾಲಲ್ಲಿ ಹಳೆಯ ಗಂಟು ಸಿಕ್ಕಿತು. ಬೆಳಗಾಗುವ ಮುಂಚೆ ನೀರು ಕುಡಿಯಲು ಏಳುವವನಂತೆ ಅವಳು ಅವನನ್ನು ಕಣ್ಣು ಮುಚ್ಚಿಸಿ ನಡೆಸಿ, ಗಂಟಿಗೆ ಬಡಿಯುವ ಹಾಗೆ ಪೀಠ ಇಡಿಸಿದಳು. ಮುಳ್ಳು ಒಂಚೂರು ತಿರುಗಿತು.

"ಇಷ್ಟು ವರ್ಷ ಈ ಮನೇಲೇ ಇದ್ಯಾ?"

"ಇದ್ದೆ. ನೋಡಿರ್ಲಿಲ್ಲ."

ಒಲೆಗೆ ಹಸಿ ಪಾಚಿ ಹಾಕಿ ಹೊಗೆ ಎಬ್ಬಿಸಿ ಬೆಳ್ಳನೆಯ ಗೋಡೆಗೆ ಮಸಿ ಹಿಡಿಸಿದರು. ಇಬ್ಬರ ಮುಖಕ್ಕೂ ಹಿಡಿಯಿತು. ಮುಳ್ಳು ಇನ್ನಷ್ಟು ತಿರುಗಿತು. ಬಾಗಿಲಿಗೆ ಕುಡಿಸಿದ ಎಣ್ಣೆಯನ್ನು ಬೂದಿ ಹಾಕಿ ತಿಕ್ಕಿ ತೆಗೆದು, ಕೀಲಿಗೆ ಉಪ್ಪುನೀರು, ಮರಳು ಸುರಿದು, ತೆಗೆದು ಮುಚ್ಚಿ, ತೆಗೆದು ಮುಚ್ಚಿ ಮಾಡಿದರು. ಬಾಗಿಲು ಮೊದಲು ಕೀಂ ಎಂದಿತು.

"ಇದಲ್ಲ. ಮುದುಕಿ ನರಳೋ ಹಾಗಿತ್ತು," ಎಂದಳು ಅವಳು.

ಇನ್ನೊಂದು ಹಿಡಿ ಮರಳು. ಕಿರ್ರ್! ಮುದುಕಿ ನರಳಿದಳು. ಇಬ್ಬರೂ ನಕ್ಕರು. ನಗುತ್ತಲೇ ಅವಳ ಕಣ್ಣು ಬಟ್ಟಲಿನ ಕಡೆ ಹೋಯಿತು. ನಗು ಅಲ್ಲಿಗೇ ನಿಂತಿತು. ಮುಳ್ಳು ಅರ್ಧಕ್ಕರ್ಧ ಬಾಗಿಲ ಕಡೆ ತಿರುಗಿಬಿಟ್ಟಿತ್ತು.

ಆಮೇಲೆ ಮಂಚ. ಇಬ್ಬರೂ ಎರಡು ತುದಿ ಹಿಡಿದರು. ಅವಳು ಎತ್ತಲಿಲ್ಲ.

"ಅವಳು ಬಂದ ತಕ್ಷಣ ಸರಿಸ್ತೀನಿ ಅಂತ ಹೇಳು. ಮೊದಲ್ನೇ ಕೆಲ್ಸ ಅದೇ ಅಂತ ಹೇಳು."

"ಮುಳುಗಿದೋರಾಣೆ."

"ನಾಳೆ ಅಲ್ಲ."

"ನಾಳೆ ಅಲ್ಲ."

ಮಂಚ ಸೋರುವ ಗೋಡೆಗೆ ಮರಳಿತು. ಮೊದಲ ಹನಿ ಹಾಸಿಗೆಯ ಮೇಲೆ ತೊಟ್ ಎಂದು ಬಿತ್ತು. ಅವಳು ಮುಖ ತಿರುಗಿಸಿಕೊಂಡಳು.

ಇನ್ನು ಲೋಟ. ಲೋಟ ಸಮುದ್ರದ ತಳದಲ್ಲಿತ್ತು. ನಡೆದದ್ದನ್ನು ಹೇಳಿದ. ಬೈಗುಳಕ್ಕೆ ತಲೆ ಬಗ್ಗಿಸಿ ನಿಂತ. ಬೈಗುಳ ಬರಲಿಲ್ಲ. ಅವಳು ಬುತ್ತಿಚೀಲಕ್ಕೆ ಕೈ ಹಾಕಿ, ಹಳೆಯ ಬಟ್ಟೆಯಲ್ಲಿ ಸುತ್ತಿದ್ದ ಒಂದು ಗಂಟು ತೆಗೆದಳು. ಬಿಚ್ಚಿದರೆ, ಹಿಡಿ ಮುರಿದ, ಬಾಯಿ ಚಕ್ಕೆಯೆದ್ದ ಮಣ್ಣಿನ ಲೋಟ.

"ನನ್ ಗಂಡಂದು ಎಸೀಲಿಲ್ಲ ನಾನು. ಬದುಕಿದ್ದಾಗ ದಿನಾ ಎಸಿ ಎಸಿ ಅಂದೆ. ಸತ್ಮೇಲೆ ಕೈ ಬರ್ಲಿಲ್ಲ. ಇದರಲ್ಲೇ ನೀರು ಕುಡೀತಿದ್ದೆ, ಮಂಜಿನೊಳಗೆ."

"ಬೇಡ. ಅದು ನಿನಗೆ ಉಳಿದಿರೋದು ಒಂದೇ..."

"ಬಾಯ್ಮುಚ್ಚು ಗುಂದ್ರೇಲ. ಒಂದ್ಸಲ ಬಾಯಿ ತೆಗೆದ್ರೆ ನಾನು ಉಳ್ಕೊಂಡುಬಿಡ್ತೀನಿ."

ಅವನು ಬಾಯಿ ಮುಚ್ಚಿದ. ಬಾಳಿನಲ್ಲಿ ಅವನು ಮಾಡಿದ ಕಷ್ಟದ ಕೆಲಸ ಅದೊಂದೇ. ಅವಳು ಲೋಟವನ್ನು ಮಂಚದ ತಲೆದೆಸೆಯಲ್ಲಿ, ಚಕ್ಕೆಯೆದ್ದ ಕಡೆ ಗೋಡೆಗೆ ಮಾಡಿ ಇಟ್ಟಳು. ಮುಳ್ಳು ಗಿರಕ್ಕನೆ ತಿರುಗಿ ನೆಟ್ಟಗೆ ಬಾಗಿಲ ಹೊರಗೆ ತೋರಿಸಿ ನಿಂತಿತು. ಈ ಮನೆ ಇನ್ನು ಅವಳದಲ್ಲ.

"ಎಲ್ಲಿಗೆ ಹೋಗ್ತೀಯ?"

"ಇದು ತೋರ್ಸಿದ ಕಡೆಗೆ. ಲೋಕಗಳಿಗೇನು ಬರವಾ, ಮೂರ್ಖರಿಗೇನು ಬರವಾ? ಇನ್ನೊಬ್ಬ ಗುಂದ್ರೇಲ ಎಲ್ಲೋ ಮಂಚ ಎಳೀತಿರ್ತಾನೆ." ಅವಳು ಬಾಗಿಲಲ್ಲಿ ತಿರುಗಿದಳು. "ಮಲಗು. ಬಾಯಿ ತೆರ್ಕೊ. ಇನ್ನೂ ಅಗಲ. ಹಾಂ, ಹಂಗೆ. ಥೂ, ಅದೇ ಮುಖ!"

ಬಾಗಿಲು ಕಿರ್ರ್ ಎಂದು ನರಳಿ ಮುಚ್ಚಿತು. ಹುಟ್ಟು ಹಾಕುವ ಸದ್ದು ಸ್ವಲ್ಪ ಹೊತ್ತು ಕೇಳಿತು. ಆಮೇಲೆ ಕೇಳಲಿಲ್ಲ.

ಗುಂದ್ರೇಲ ಮಲಗಿದ. ಎಂಥಾ ಮಲಗುವಿಕೆ! ಇಡೀ ಸೆರ್ವಾಲದ ಚರಿತ್ರೆಯಲ್ಲಿ ಯಾರೂ ಅಷ್ಟು ನಿಷ್ಠೆಯಿಂದ ಸೋಮಾರಿಯಾಗಿರಲಿಲ್ಲ. ಹನಿ ಎದೆಯ ಮೇಲೆ ಬೀಳುತ್ತಿತ್ತು, ಸರಿಯಲಿಲ್ಲ. ನೊಣ ಬಾಯೊಳಗೆ ಹೋಗಿ ಬಂತು, ಬಾಯಿ ಮುಚ್ಚಲಿಲ್ಲ. ಗಂಜಿಗೆ ಮಾತ್ರ ಏಳುತ್ತಿದ್ದ, ಪಾತ್ರೆಯನ್ನು ಅದೇ ಕಲೆಯ ಗುರುತಿನ ಮೇಲೆ ಇಡುತ್ತಿದ್ದ. ಪಿಷ್ಟೋಕ ಮಾವ ಕಿಟಕಿಯಲ್ಲಿ ತಲೆ ಹಾಕಿ ನೋಡಿ, "ಈಗ ಗೊತ್ತಾಯ್ತಾ?" ಎಂದ. ಮುದುಕನ ಒಂಟಿ ಬೂಟಿನ ಸದ್ದು ದೂರವಾಗುವವರೆಗೂ ಗುಂದ್ರೇಲ ಕಣ್ಣೀರು ಸುರಿಸಿದ. ಎದೆಯಲ್ಲೊಂದು ಕೆಮ್ಮು ಕೂತಿತ್ತು. ಅದನ್ನು ಕೆಮ್ಮದೆ ನುಂಗಿದ.

ಕಾದು ಕಾದು ಸಾಕಾಗಿ, ಇನ್ನು ಬರುವುದಿಲ್ಲ ಎಂದು ಊರೇ ಕಾಳಿನ ಆಸೆ ಬಿಟ್ಟ ಒಂದು ಮಧ್ಯಾಹ್ನ ಬಾಗಿಲು ಕಿರ್ರ್ ಎಂದಿತು.

ಕಪ್ಪು ಕೂದಲು. ಹಣೆಯಲ್ಲಿ ಗಾಯವಿಲ್ಲ. ಒಣಗಿದ ತುಟಿ. ಒಣಮೀನಿನ ವಾಸನೆ. ಅವನ ಸವೋರ್ಣಿ!

"ನೋಡು, ನೋಡು! ಹೆಂಗೆ ಬಿದ್ದಿದ್ನೋ ಹಂಗೇ ಬಿದ್ದಿದ್ದಾನೆ! ಒಂದು ಕಡ್ಡಿ ಎತ್ತಿ ಆಚೆಗಿಟ್ಟಿಲ್ಲ! ಅಲ್ಲಿ ನಾನು ನೀರಿಲ್ದೆ ನಾಲಿಗೆ ಕಚ್ಕೊಂಡು ಸಾಯ್ತಿದ್ರೆ, ಇಲ್ಲಿ ಮಹಾರಾಜರಿಗೆ ನಿದ್ದೆ!" ಎನ್ನುತ್ತಾ ಪೀಠ ದಾಟಿ ಬಂದು, ತಲೆದೆಸೆಯ ಲೋಟ ಎತ್ತಿ, ಸೋರುವ ಗೋಡೆಗೆ ಹಿಡಿದು ನೀರು ತುಂಬಿಸಿ ಗಟಗಟ ಕುಡಿದಳು. "ಈ ದರಿದ್ರ ಲೋಟ ಇನ್ನೂ ಇದೆಯಾ? ಇವತ್ತು ಇದ್ದದ್ದು ಒಳ್ಳೇದಾಯ್ತು."

ಲೋಟ ಕೆಳಗಿಟ್ಟು ಮಂಚದ ತುದಿಗೆ ಕೂತಳು.

"ಮುಳ್ಳಿಗೆ ಹುಚ್ಚು ಹಿಡಿದಿತ್ತು ಕಣೋ. ಸುತ್ತಿದ್ದೇ ಸುತ್ತಿದ್ದು. ಕೊನೆಗೆ ಯಾವುದೋ ಮನೆ ಮುಂದೆ ತಂದು ನಿಲ್ಲಿಸ್ತು. ಥೇಟ್ ನಮ್ಮನೆ. ಬಾಗಿಲಲ್ಲಿ ಥೇಟ್ ನೀನೇ. ಬಾರೇ, ಬಿಸಿನೀರು ಕಾಯ್ಸಿದೀನಿ, ಕಾಲು ಒತ್ತಲಾ ಅಂದ! ಮೈ ಜುಂ ಅಂತು. ಇವನು ನನ್ನ ಗಂಡ ಅಲ್ಲ ಅಂತ ಅಲ್ಲಿಂದಲೇ ದೋಣಿ ತಿರುಗಿಸ್ದೆ. ಸತ್ರೂ ನನ್ನ ಮನೆ ಹುಡುಕ್ತಾ ಸಾಯ್ತೀನಿ ಅಂತ."

ಗುಂದ್ರೇಲನಿಗೆ ಅಳು ಉಕ್ಕಿ ಬಂತು. ಕೊಟ್ಟ ಮಾತು ನೆನಪಾಯಿತು. ಮೊದಲ ಕೆಲಸ ಅದೇ. ನಾಳೆ ಅಲ್ಲ. ಎದ್ದು ಕೂತ.

"ಸವೋರ್ಣಿ, ಮೊದಲು ಮಂಚ ಸರಿಸೋಣ. ನೀನು ಕೂತ್ಕೊ, ನಾನೇ ಎಳೀತೀನಿ."

ಅವಳು ಸಟ್ಟನೆ ಎದ್ದಳು. ಒಂದೊಂದೇ ಹೆಜ್ಜೆ ಹಿಂದಿಟ್ಟಳು.

"ಏನಂದೆ?"

"ಮಂಚ... ಕಿಟಕಿ ಹತ್ರ... ನೀನೇ ಹೇಳ್ತಿದ್ಯಲ್ಲ..."

"ನನ್ನ ಗಂಡ ಹಿಂಗನ್ನಲ್ಲ." ಅವಳ ಕೈ ಬಟ್ಟಲಿಗೆ ಹೋಯಿತು. ಬಾಗಿಲಿಗೆ ಬೆನ್ನು ತಾಗಿತು. "ಯಾರು ನೀನು? ಇದು ಯಾರ ಮನೆ?"

"ಸವೋರ್ಣಿ, ನಾನೇ ಕಣೇ! ಕೇಳು, ನೀನಿಲ್ದಾಗ ನಾನು ಗೋಡೆಗೆ ಸುಣ್ಣ ಹೊಡೆದು..."

"ಸುಣ್ಣಾನಾ!" ಎಂದು ಚೀರಿದಳು. ಬಾಗಿಲು ಕಿರ್ರ್ ಎಂದಿತು. ಹೊರಗೆ ಅವಳ ಒಂದು ಕಾಲು ಆಗಲೇ ದೋಣಿಯಲ್ಲಿತ್ತು.

ಗುಂದ್ರೇಲ ದಬಕ್ಕನೆ ಹಾಸಿಗೆಗೆ ಬಿದ್ದ. ಕಂಬಳಿ ಎಳೆದುಕೊಂಡ. ಬಾಯಿ ತೆರೆದ.

"ಅಯ್ಯೋ, ಈಗ ಯಾರು ಏಳ್ತಾರೆ," ಎಂದ. "ನಾಳೆ ನೋಡೋಣ ಬಿಡು."

ದೋಣಿಯಲ್ಲಿದ್ದ ಕಾಲು ನಿಂತಿತು. ನಿಧಾನವಾಗಿ ಹಿಂದೆ ಬಂತು. ಸವೋರ್ಣಿ ಬಾಗಿಲಲ್ಲಿ ನಿಂತು ಅವನನ್ನು ಮೇಲಿಂದ ಕೆಳಗೆ ನೋಡಿದಳು. ಆಮೇಲೆ ಬಾಗಿಲ ಚೌಕಟ್ಟಿಗೆ ಒರಗಿ, ಅಳುತ್ತಾ ನಗುತ್ತಾ ಅಲ್ಲೇ ಕುಸಿದು ಕೂತಳು.

"ಅಬ್ಬಾ! ನನ್ನ ಮನೆಗೇ ಬಂದಿದೀನಿ."

ಗೋಡೆಯಿಂದ ಒಂದು ಹನಿ ಜಾರಿ ಅವನ ಎದೆಯ ಮೇಲೆ ಬಿತ್ತು. ಗುಂದ್ರೇಲ ಅಲುಗಾಡಲಿಲ್ಲ.